ದಂಡೆಯಲ್ಲಿ ನಿಂತವರು ನೀರಿಗಿಳಿಯುವುದೇಕೆ? ಚಲನಚಿತ್ರಕಾರರ ಒತ್ತಾಸೆಯ ಕುರಿತು

2018ರ ಆಗಸ್ಟ್ 24ರಂದು 'ಸರ್ಕಾರಿ ಹಿ. ಪ್ರಾ. ಶಾಲೆ, ಕಾಸರಗೋಡು, ಕೊಡುಗೆ: ರಾಮಣ್ಣ ರೈ' ಎಂಬ ಉದ್ದ ಹೆಸರಿನ ಚಲನಚಿತ್ರ ತೆರೆಕಂಡಾಗ, ಗಡಿಯಾಚೆಗೂ ಕನ್ನಡ ಶಾಲೆಗಳಿವೆ ಎಂಬ ಸಂಗತಿಯೇ ತಿಳಿಯದಿದ್ದ ಲಕ್ಷಾಂತರ ಮಂದಿಗೆ ಅದು ಮೊದಲ ಬಾರಿ ತಿಳಿಯಿತು. ಆ ಚಿತ್ರಕ್ಕೆ ಮುಂದೆ ಅತ್ಯುತ್ತಮ ಮಕ್ಕಳ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ ಸಂದಿತು. ನಮ್ಮ ಶಾಲೆಗಳಲ್ಲಿ ಅದನ್ನು ಮಕ್ಕಳಿಗೆ ತೋರಿಸಿದಾಗಲೆಲ್ಲ ಮಕ್ಕಳು ಕೇಳುವ ಪ್ರಶ್ನೆ ಒಂದೇ: ಇದನ್ನು ಮಾಡಿದವರು ಕಾಸರಗೋಡಿನವರೇ? ಅಲ್ಲ. ನಿರ್ದೇಶಕ ರಿಷಬ್ ಶೆಟ್ಟಿಯವರು ಕುಂದಾಪುರ ಸೀಮೆಯ ಕೆರಾಡಿಯವರು. ಅವರ ಊರಿನ ತರಗತಿಗೆ ಕನ್ನಡ ಬಾರದ ಗಣಿತದ ಅಧ್ಯಾಪಕರು ನೇಮಕಗೊಂಡು ಬಂದಿರಲಿಲ್ಲ. ಮಕ್ಕಳ ಮುಂದಿನ ಪ್ರಶ್ನೆ ಇನ್ನೂ ನೇರವಾದದ್ದು: ಹಾಗಾದರೆ ಅವರಿಗೇನಾಗಬೇಕಿತ್ತು?

ಆ ಪ್ರಶ್ನೆಯನ್ನು ನಾವು ಹಗುರವಾಗಿ ತೆಗೆದುಕೊಳ್ಳುವಂತಿಲ್ಲ. ತನಗೆ ತಗುಲದ ನೋವನ್ನು ಒಬ್ಬನು ಕೈಗೆತ್ತಿಕೊಳ್ಳುವುದೇಕೆ? ಹಣ ಬರುವ ಕಥೆಗಳು ಬೇರೆ ಎಷ್ಟೋ ಇರುವಾಗ ಒಬ್ಬ ಚಲನಚಿತ್ರಕಾರನು ಅನ್ಯಾಯಕ್ಕೊಳಗಾದವರ ಬೆನ್ನಿಗೆ ನಿಲ್ಲಲು ಪ್ರೇರಣೆ ಎಲ್ಲಿಂದ ಬರುತ್ತದೆ? ಹೀಗೆ ನಿಲ್ಲುವುದಕ್ಕೆ ನಮ್ಮ ಭಾಷೆಯಲ್ಲಿ ಒಳ್ಳೆಯದೊಂದು ಪದವಿದೆ: ಒತ್ತಾಸೆ. ಒತ್ತಾಸೆಯು ಉಪಕಾರವಲ್ಲ, ದಾನವೂ ಅಲ್ಲ. ಹೋರಾಡುವವನು ಬೇರೆ, ಅವನ ಒತ್ತಾಸೆಗೆ ನಿಂತವನು ಬೇರೆ. ಹೋರಾಟ ಮೊದಲಿನವನದೇ ಆಗಿರುತ್ತದೆ. ಈ ಅಂತರವನ್ನು ಮನಸ್ಸಿನಲ್ಲಿಟ್ಟುಕೊಂಡು ಕನ್ನಡ ಚಲನಚಿತ್ರದ ಒಂದು ಪರಂಪರೆಯನ್ನು ನೋಡೋಣ.

ಪರಂಪರೆಯೆಂದದ್ದು ಸುಮ್ಮನೆ ಅಲ್ಲ. ಅದರ ಮೊದಲ ಕೊಂಡಿ ಚಲನಚಿತ್ರವೇ ಅಲ್ಲ, 1933ರಲ್ಲಿ ಪ್ರಕಟವಾದ 'ಚೋಮನ ದುಡಿ' ಎಂಬ ಕಾದಂಬರಿ. ಅಂದು ಕಾಸರಗೋಡು ದಕ್ಷಿಣ ಕನ್ನಡ ಜಿಲ್ಲೆಯೊಳಗೇ ಇತ್ತು. ಚೋಮನ ಊರು ನಮ್ಮ ಊರೂ ಆಗಿತ್ತು. ಬರೆದ ಶಿವರಾಮ ಕಾರಂತರು ಕೋಟದ ಬ್ರಾಹ್ಮಣ ಮನೆತನದವರು, ಗಾಂಧೀಜಿಯವರ ಕರೆಗೆ ಓಗೊಟ್ಟು ಕಾಲೇಜು ಬಿಟ್ಟವರು. ಕಥಾನಾಯಕ ಚೋಮನು ಜೀತದಾಳು, ಅಸ್ಪೃಶ್ಯನೆನಿಸಿಕೊಂಡವನು. ಅವನಿಗಿದ್ದ ಆಸೆ ಒಂದೇ, ತುಂಡು ಗದ್ದೆಯನ್ನು ತಾನೇ ಉಳಬೇಕೆಂಬುದು. ಅವನ ಬಳಿ ಎತ್ತುಗಳಿವೆ, ತೋಳುಗಳಿವೆ, ಮಕ್ಕಳಿದ್ದಾರೆ. ಆದರೆ ಅವನ ಜಾತಿಯವನು ಬೇಸಾಯಗಾರನಾಗುವುದು ಊರಿನ ಕಟ್ಟಳೆಗೆ ಸಲ್ಲದ ಮಾತು. ಒಡೆಯನ ಮನೆಯಲ್ಲಿ ಕರಗುವ ಮನಸ್ಸು ಇಲ್ಲವೆಂದಲ್ಲ. ಕಟ್ಟಳೆ ಮನಸ್ಸಿಗಿಂತ ಗಟ್ಟಿ.

ಈ ಕಥೆಯಲ್ಲಿ ನಾವು ತರಗತಿಯಲ್ಲಿ ಓದಿ ಹೇಳುವಾಗ ಪ್ರತಿಬಾರಿಯೂ ತಡೆದು ನಿಲ್ಲುವ ಒಂದು ಸನ್ನಿವೇಶವಿದೆ. ಚೋಮನ ಕಿರಿಯ ಮಗ ನೀಲ ನೀರಿನಲ್ಲಿ ಮುಳುಗುತ್ತಾನೆ. ದಂಡೆಯಲ್ಲಿ ಜನರಿದ್ದಾರೆ. ಈಜು ಬಲ್ಲವರಿದ್ದಾರೆ. ಮುಟ್ಟಿದರೆ ಮೈಲಿಗೆಯಾದೀತೆಂಬ ಕಾರಣಕ್ಕೆ ಹುಡುಗನನ್ನು ಎತ್ತಲು ಯಾರೂ ಮುಂದಾಗುವುದಿಲ್ಲ. ಒತ್ತಾಸೆ ಎಂಬ ಪದದ ಅರ್ಥವನ್ನು ಅದರ ಅಭಾವದ ಮೂಲಕ ಇಷ್ಟು ಸ್ಪಷ್ಟವಾಗಿ ತೋರಿಸಿದ ಇನ್ನೊಂದು ಸನ್ನಿವೇಶ ಕನ್ನಡದಲ್ಲಿ ಇದೆಯೋ ಇಲ್ಲವೋ. ಕಾರಂತರು ಸ್ವತಃ ದಂಡೆಯಲ್ಲಿ ನಿಂತವರ ಪೈಕಿ ಹುಟ್ಟಿದವರು. ಆ ದಂಡೆಯ ಮೌನವನ್ನು ಅವರು ಬಲ್ಲರು. ಕಾದಂಬರಿಯ ಬಲ ಇರುವುದು ಅಲ್ಲಿಯೇ ಎಂದು ನಮ್ಮ ಅಭಿಪ್ರಾಯ. ಚೋಮನ ಒಳಮನಸ್ಸನ್ನು ಅವರು ಎಷ್ಟರಮಟ್ಟಿಗೆ ಮುಟ್ಟಿದರೆಂಬುದು ಚರ್ಚೆಯ ವಿಷಯ. ಚೋಮನನ್ನು ಸುತ್ತುವರಿದವರ ಮನಸ್ಸನ್ನು ಮಾತ್ರ ಅವರು ಪೂರ್ತಿಯಾಗಿ ಬಯಲಿಗಿಟ್ಟರು.

ನಲವತ್ತೆರಡು ವರ್ಷಗಳ ಬಳಿಕ, 1975ರಲ್ಲಿ, ಬಿ. ವಿ. ಕಾರಂತರು ಆ ಕಾದಂಬರಿಯನ್ನು ಚಲನಚಿತ್ರವಾಗಿಸಿದರು. ಅವರು ಬಂಟ್ವಾಳ ಸೀಮೆಯ ಮಂಚಿಯವರು, ಬಾಲ್ಯದಲ್ಲೇ ಮನೆ ಬಿಟ್ಟು ಗುಬ್ಬಿ ವೀರಣ್ಣನವರ ನಾಟಕ ಕಂಪನಿ ಸೇರಿದವರು, ರಂಗಭೂಮಿಯೇ ಉಸಿರಾದವರು. ಚಿತ್ರಕಥೆಯನ್ನು ಶಿವರಾಮ ಕಾರಂತರೇ ಬರೆದುಕೊಟ್ಟರು. ಚಿತ್ರಕ್ಕೆ ರಾಷ್ಟ್ರಪತಿಯವರ ಸ್ವರ್ಣಕಮಲವೂ, ಚೋಮನ ಪಾತ್ರ ವಹಿಸಿದ ಎಂ. ವಿ. ವಾಸುದೇವರಾಯರಿಗೆ ಅತ್ಯುತ್ತಮ ನಟ ಪ್ರಶಸ್ತಿಯೂ ದೊರೆತವು. ಈ ಚಿತ್ರದಲ್ಲಿ ಚೋಮನು ಮಾತಿಗಿಂತ ಹೆಚ್ಚಾಗಿ ದುಡಿಯ ಮೂಲಕವೇ ಮಾತನಾಡುತ್ತಾನೆ. ಸಿಟ್ಟು ಬಂದಾಗ, ಸಾಲ ತೀರದಾಗ, ಮಕ್ಕಳು ಒಬ್ಬೊಬ್ಬರಾಗಿ ಕೈಬಿಟ್ಟು ಹೋದಾಗ ಅವನು ಬಾರಿಸುವ ಲಯ ಬೇರೆಬೇರೆ. ಹೊರಗಿನವನಾಗಿ ತಾನು ಬಲ್ಲದ ಮಾತನ್ನು ಚೋಮನ ಬಾಯಿಗೆ ತುರುಕುವುದಕ್ಕಿಂತ ಅವನದೇ ವಾದ್ಯಕ್ಕೆ ಎಡೆಗೊಟ್ಟದ್ದು ನಿರ್ದೇಶಕನ ವಿವೇಕವೆಂದು ನಮಗನಿಸುತ್ತದೆ.

ಇಲ್ಲೊಂದು ಮಾತನ್ನು ಮಕ್ಕಳಿಗೆ ಬಿಡಿಸಿ ಹೇಳಬೇಕಾಗುತ್ತದೆ. ಚಿತ್ರ ಬಂದ ಕಾಲದಲ್ಲಿ ಭೂಸುಧಾರಣೆಯ ಬಿಸಿ ಹರಡಿತ್ತು. ಕೇರಳದಲ್ಲಿ 1970ರ ಜನವರಿ 1ರಿಂದ ಗೇಣಿ ಪದ್ಧತಿ ರದ್ದಾಗಿತ್ತು. ಕರ್ನಾಟಕದಲ್ಲಿ 1974ರ ಮಾರ್ಚ್ 1ರಿಂದ ತಿದ್ದುಪಡಿ ಕಾಯಿದೆ ಜಾರಿಗೆ ಬಂದಿತ್ತು. ಹಾಗಿದ್ದರೆ ಚೋಮನಿಗೆ ಗದ್ದೆ ಸಿಗುತ್ತಿತ್ತೇ ಎಂದು ಬುದ್ಧಿವಂತ ಮಗು ಕೇಳಿಯೇ ಕೇಳುತ್ತದೆ. ಸಿಗುತ್ತಿರಲಿಲ್ಲ. ಗೇಣಿ ಕಾನೂನು ಭೂಮಿ ಕೊಟ್ಟದ್ದು ಗೇಣಿದಾರನಿಗೆ. ಚೋಮ ಗೇಣಿದಾರನಲ್ಲ, ಜೀತದವನು. ಗೇಣಿಗೂ ಅವನಿಗೆ ಭೂಮಿ ದೊರೆತಿರಲಿಲ್ಲವೆಂಬುದೇ ಕಥೆ. ಕೇರಳದ ಕಾನೂನಿನಲ್ಲಿ ಅವನಂಥವನಿಗೆ ದೊರೆಯುತ್ತಿದ್ದುದು ಗುಡಿಸಲು ಮತ್ತು ಅದರ ಸುತ್ತಲಿನ ಹತ್ತು ಸೆಂಟ್ಸಿನವರೆಗಿನ ನೆಲ. ಪುರೋಗಾಮಿ ಎನಿಸಿದ ಕಾನೂನಿನ ಬಲೆಯ ಕಣ್ಣಿನಿಂದಲೂ ಅತಿ ಬಡವನು ಜಾರಿ ಕೆಳಗೆ ಬೀಳುತ್ತಾನೆ. ಜೀತ ಪದ್ಧತಿಯನ್ನು ದೇಶಾದ್ಯಂತ ರದ್ದುಪಡಿಸುವ ಕಾಯಿದೆ ಬಂದದ್ದು 1976ರಲ್ಲಿ, ಚಿತ್ರ ಬಂದ ಮರುವರ್ಷ.

ಇನ್ನೊಂದು ಸ್ವಾರಸ್ಯ, ಆಂಧ್ರ ಮತ್ತು ತೆಲಂಗಾಣದ ನಮ್ಮ ಓದುಗರಿಗಾಗಿ. ಚೋಮನಾಗಿ ನಟಿಸಿದ ಅದೇ ವಾಸುದೇವರಾಯರು 1977ರಲ್ಲಿ ಮೃಣಾಲ್ ಸೇನರ 'ಒಕ ಊರಿ ಕಥ' ಎಂಬ ತೆಲುಗು ಚಿತ್ರದಲ್ಲಿ ಮುಖ್ಯ ಪಾತ್ರ ವಹಿಸಿದರು. ಕಥೆ ಹಿಂದಿಯ ಪ್ರೇಮಚಂದರದು, ನಿರ್ದೇಶಕರು ಬಂಗಾಳಿ, ನಟ ಕನ್ನಡಿಗ, ಚಿತ್ರ ತೆಲುಗು. ಹಸಿವಿನ ಕಥೆಗೆ ಯಾವ ರಾಜ್ಯದ ಗಡಿಕಲ್ಲೂ ಅಡ್ಡಬರಲಿಲ್ಲ.

'ಚೋಮನ ದುಡಿ'ಯಲ್ಲಿ ಸಹಾಯಕ ನಿರ್ದೇಶಕರಾಗಿ ದುಡಿದ ತರುಣನೊಬ್ಬನಿದ್ದ: ಗಿರೀಶ್ ಕಾಸರವಳ್ಳಿ. ತೀರ್ಥಹಳ್ಳಿ ಸೀಮೆಯ ಕೆಸಲೂರಿನಲ್ಲಿ ಹುಟ್ಟಿ, ಮಣಿಪಾಲದಲ್ಲಿ ಔಷಧವಿಜ್ಞಾನ ಓದಿ, ಕೆಲಕಾಲ ಹೈದರಾಬಾದಿನಲ್ಲಿದ್ದು, ಬಳಿಕ ಆ ದಾರಿಯನ್ನೇ ಬಿಟ್ಟು ಪುಣೆಯ ಚಲನಚಿತ್ರ ಸಂಸ್ಥೆಗೆ ಹೋದವರು. ಹೆಗ್ಗೋಡಿನ ನೀನಾಸಂ ಕಟ್ಟಿದ ಕೆ. ವಿ. ಸುಬ್ಬಣ್ಣನವರು ಅವರ ಸೋದರಮಾವ. ಮಲೆನಾಡಿನ ಒಂದು ಹಳ್ಳಿಯಲ್ಲಿ ಕುಳಿತು ಜಗತ್ತಿನ ನಾಟಕ, ಸಿನೆಮಾಗಳನ್ನು ಅಡಕೆ ಬೆಳೆಗಾರರ ಮುಂದಿಟ್ಟ ಮಾವನೊಬ್ಬನಿದ್ದರೆ ಸೋದರಳಿಯನಿಗೆ ಬೇರೆ ವಿಶ್ವವಿದ್ಯಾಲಯ ಬೇಕಾಗುವುದಿಲ್ಲ. ಪ್ರೇರಣೆ ಎಂಬುದು ಒಂದು ಮಿಂಚಿನಂತೆ ಬರುತ್ತದೆಂಬ ನಂಬಿಕೆ ಜನಪ್ರಿಯವಾದದ್ದು. ಕಾಸರವಳ್ಳಿಯವರ ಬದುಕನ್ನು ನೋಡಿದರೆ ಅದು ಹೆಚ್ಚಾಗಿ ಮನೆಯ ಮಾತುಕತೆ, ಊರಿನ ಪುಸ್ತಕ, ಕೈಹಿಡಿದು ಕೆಲಸ ಕಲಿಸಿದ ಗುರು ಇವುಗಳಿಂದ ಹನಿಹನಿಯಾಗಿ ಸಂಚಯವಾಗುವ ವಸ್ತುವೆಂದು ತೋರುತ್ತದೆ.

1977ರಲ್ಲಿ, ಇಪ್ಪತ್ತೇಳರ ಹರೆಯದಲ್ಲಿ, ಅವರು ಯು. ಆರ್. ಅನಂತಮೂರ್ತಿಯವರ ಕಥೆಯನ್ನು ಆಧರಿಸಿ 'ಘಟಶ್ರಾದ್ಧ' ಮಾಡಿದರು. ಅದಕ್ಕೂ ಸ್ವರ್ಣಕಮಲ ದೊರೆಯಿತು. ವೇದಪಾಠಶಾಲೆ ನಡೆಸುವ ಉಡುಪರ ವಿಧವೆ ಮಗಳು ಯಮುನಕ್ಕ ಊರಿನ ಶಾಲಾ ಮೇಷ್ಟರಿಂದ ಗರ್ಭಿಣಿಯಾಗುತ್ತಾಳೆ. ಮೇಷ್ಟ್ರು ಕಣ್ಮರೆಯಾಗುತ್ತಾನೆ. ಊರು ಬದುಕಿರುವ ಹೆಣ್ಣಿಗೆ ಶ್ರಾದ್ಧ ಮಾಡಿ ಅವಳನ್ನು ಹೊರಹಾಕುತ್ತದೆ. ಅವಳ ಪರವಾಗಿ ಇಡೀ ಊರಿನಲ್ಲಿ ನಿಂತವನು ಹೊಸದಾಗಿ ಪಾಠಶಾಲೆಗೆ ಸೇರಿದ ನಾಣಿ ಎಂಬ ಪುಟ್ಟ ಹುಡುಗ ಮಾತ್ರ. ಅವನಿಗೆ ಸಂಗತಿ ಪೂರ್ತಿ ಅರ್ಥವೂ ಆಗುವುದಿಲ್ಲ. ತನ್ನನ್ನು ಅಕ್ಕರೆಯಿಂದ ನೋಡಿಕೊಂಡವಳಿಗೆ ಏನೋ ಕೇಡಾಗುತ್ತಿದೆಯೆಂಬುದಷ್ಟೇ ಅವನಿಗೆ ಗೊತ್ತು. ಕೊನೆಯಲ್ಲಿ ಅಪ್ಪ ಬಂದು ಅವನನ್ನು ಕರೆದೊಯ್ಯುವಾಗ, ತಲೆ ಬೋಳಿಸಿಕೊಂಡು ಮರದಡಿ ಕುಳಿತ ಯಮುನಕ್ಕನನ್ನು ಅವನು ತಿರುಗಿ ನೋಡುತ್ತಾನೆ.

ನಾಣಿ ಏನನ್ನೂ ತಡೆಯಲಾರ. ಕಂಡದ್ದನ್ನು ಮರೆಯಲಾರ, ಅಷ್ಟೆ. ಒತ್ತಾಸೆಯ ಬೀಜವಿರುವುದು ಅಲ್ಲಿ ಎಂದು ಈ ಚಿತ್ರವನ್ನು ಮತ್ತೆಮತ್ತೆ ನೋಡಿದ ಮೇಲೆ ನಮಗೆ ಅನಿಸಿದೆ. ಹೊರಗಿನ ಕಟು ವಿಮರ್ಶಕನಲ್ಲ, ಅದೇ ಮನೆಯಲ್ಲಿ ಉಂಡು, ಅದೇ ಮಂತ್ರ ಕಲಿತ ಹುಡುಗ ಸಾಕ್ಷಿಯಾಗುತ್ತಾನೆ. ತನ್ನ ಜನರ ತಪ್ಪನ್ನು ತನ್ನವರೊಳಗಿನಿಂದಲೇ ನೋಡುವುದು ಪರರ ತಪ್ಪನ್ನು ಎತ್ತಿ ಆಡುವುದಕ್ಕಿಂತ ಕಷ್ಟದ ಕೆಲಸ. ಬ್ರಾಹ್ಮಣ ಅಗ್ರಹಾರದ ಕ್ರೌರ್ಯವನ್ನು ಮಲೆನಾಡಿನ ಬ್ರಾಹ್ಮಣ ಲೇಖಕ ಬರೆದು, ಮಲೆನಾಡಿನ ಬ್ರಾಹ್ಮಣ ನಿರ್ದೇಶಕ ಚಿತ್ರಿಸಿದ ಕಾರಣ ಅದಕ್ಕೆ ಆ ಅಧಿಕಾರ ದೊರೆಯಿತು. 2024ರಲ್ಲಿ ಈ ಚಿತ್ರದ ಪುನಶ್ಚೇತನಗೊಂಡ ಪ್ರತಿ ವೆನಿಸ್ ಚಿತ್ರೋತ್ಸವದ ಅಭಿಜಾತ ಚಿತ್ರಗಳ ವಿಭಾಗದಲ್ಲಿ ಪ್ರದರ್ಶನಗೊಂಡಿತು.

ತನ್ನ ಮನೆಯ ಕಸವನ್ನು ಮೊದಲು ಗುಡಿಸಿದವನಿಗೆ ಬೇರೆ ಮನೆಯ ಹೊಸ್ತಿಲು ತುಳಿಯುವ ಧೈರ್ಯ ಬರುತ್ತದೆ, ಎಚ್ಚರವೂ ಬರುತ್ತದೆ. 2004ರಲ್ಲಿ ಕಾಸರವಳ್ಳಿಯವರು 'ಹಸೀನಾ' ಮಾಡಿದರು. ಹೆಣ್ಣು ಮಕ್ಕಳನ್ನೇ ಹೆತ್ತಳೆಂದು ಗಂಡನಿಂದ ಕೈಬಿಡಲ್ಪಟ್ಟ ಬಡ ಮುಸ್ಲಿಂ ಹೆಣ್ಣೊಬ್ಬಳು ನ್ಯಾಯ ಕೇಳುತ್ತ ಮಸೀದಿಯ ಮುಂದೆ ಕೂರುವ ಕಥೆ. ಮುಸ್ಲಿಮೇತರ ನಿರ್ದೇಶಕನೊಬ್ಬನು ಈ ಕಥೆ ಹೇಳಿದರೆ ಎರಡು ಅಪಾಯಗಳಿವೆ: ಆ ಸಮುದಾಯವನ್ನು ದೂರುವ ಆಸೆಯಿರುವವರಿಗೆ ಅಸ್ತ್ರವೊಂದು ಸಿಕ್ಕೀತು, ಅಥವಾ ಆ ಹೆಂಗಸು ಅನುಕಂಪದ ಬೊಂಬೆಯಾಗಿ ಉಳಿದಾಳು. ಕಾಸರವಳ್ಳಿಯವರು ಆಯ್ದುಕೊಂಡ ಆಧಾರ ಯಾವುದೆಂದು ನೋಡಿ: ಬಾನು ಮುಷ್ತಾಕ್ ಅವರ 'ಕರಿ ನಾಗರಗಳು'. ಹಾಸನದ ವಕೀಲೆ, ಬಂಡಾಯ ಚಳವಳಿಯ ಲೇಖಕಿ, ತನ್ನ ಸಮುದಾಯದ ಹೆಂಗಸರ ಪರವಾಗಿ ತಾನೇ ದನಿಯೆತ್ತಿ ಅದರ ಬೆಲೆಯನ್ನೂ ತೆತ್ತವರು. ಇದೇ ಬಾನು ಅವರ ಕಥೆಗಳ ಇಂಗ್ಲಿಷ್ ಅನುವಾದಕ್ಕೆ 2025ರಲ್ಲಿ ಅಂತರರಾಷ್ಟ್ರೀಯ ಬೂಕರ್ ಬಂದಾಗ ನಮ್ಮ ಶಾಲೆಗಳೂ ಸಂಭ್ರಮಿಸಿದವು. ಅದಕ್ಕಿಂತ ಇಪ್ಪತ್ತು ವರ್ಷ ಮೊದಲೇ ಒಬ್ಬ ನಿರ್ದೇಶಕನು ಆ ದನಿಯ ಹಿಂದೆ ಕ್ಯಾಮೆರಾ ಹಿಡಿದು ನಿಂತಿದ್ದನೆಂಬುದನ್ನು ಕೆಲವರಷ್ಟೇ ನೆನೆದರು. ಹಸೀನಾಳಾಗಿ ನಟಿಸಿದ ತಾರಾ ಅವರಿಗೆ ಅತ್ಯುತ್ತಮ ನಟಿ ರಾಷ್ಟ್ರಪ್ರಶಸ್ತಿ ದೊರೆಯಿತು.

ಆದರೆ ನಮ್ಮ ಓದುಗರೆಲ್ಲರೂ ಒಮ್ಮೆಯಾದರೂ ನೋಡಬೇಕೆಂದು ನಾವು ಬಯಸುವ ಚಿತ್ರ 2008ರ 'ಗುಲಾಬಿ ಟಾಕೀಸ್'. ಮೂಲ ಕಥೆ ಕುಂದಾಪುರದ ವೈದೇಹಿಯವರದು. ಊರಿಗೆ ಚಿತ್ರಮಂದಿರ ಬಂದಾಗ ಹೆಂಗಸರ ಬದುಕು ಅಲುಗುವ ಬಗೆ ಅದರ ವಸ್ತು. ಕಾಸರವಳ್ಳಿಯವರು ಕಾಲವನ್ನು 1999ರ ಕಾರ್ಗಿಲ್ ಯುದ್ಧದ ದಿನಗಳಿಗೆ ತಂದರು, ಗುಲಾಬಿಯನ್ನು ಮೀನುಗಾರರ ನಡುವಿನ ಮುಸ್ಲಿಂ ಸೂಲಗಿತ್ತಿಯನ್ನಾಗಿಸಿದರು. ಗಂಡ ಮೂಸಾ ಇನ್ನೊಂದು ಮದುವೆಯಾಗಿ ದೂರವಾಗಿದ್ದಾನೆ. ಅವಳಿಗಿರುವ ಹುಚ್ಚು ಸಿನೆಮಾ ನೋಡುವುದು. ಕಷ್ಟದ ಹೆರಿಗೆಯೊಂದನ್ನು ಮಾಡಿಸಿದ್ದಕ್ಕೆ ಉಳ್ಳವರ ಮನೆಯವರು ಅವಳಿಗೆ ಬಣ್ಣದ ಟಿ.ವಿ.ಯನ್ನೂ ಡಿಶ್ಶನ್ನೂ ಕೊಡುತ್ತಾರೆ. ಅಲ್ಲಿಂದ ಅವಳ ಗುಡಿಸಲೇ ಕೇರಿಯ ಟಾಕೀಸಾಗುತ್ತದೆ. ಸಂಜೆಯಾದರೆ ಮೊಗವೀರ ಹೆಂಗಸರು ಬಂದು ಕೂರುತ್ತಾರೆ. ಕೆಲವರು ಅವಳ ಜಾತಿ ನೆನೆದು ಒಳಗೆ ಬಾರದೆ ಉಳಿಯುತ್ತಾರೆ.

ಕಡಲಲ್ಲಿ ಆಗುತ್ತಿರುವುದೇ ಬೇರೆ. ದೊಡ್ಡ ಬೋಟುಗಳು ಬಂದು ಸಣ್ಣ ದೋಣಿಯವರ ಪಾಲಿನ ಮೀನು ಕಡಮೆಯಾಗಿದೆ. ಹೊಟ್ಟೆಯ ಸಿಟ್ಟಿಗೆ ಹೆಸರೊಂದು ಬೇಕು. ಟಿ.ವಿ.ಯಲ್ಲಿ ಯುದ್ಧ ನಡೆಯುತ್ತಿದೆ. ಆ ಹೊತ್ತಿಗೆ ನೇತ್ರು ಎಂಬ ಹುಡುಗಿ ಕಾಣೆಯಾಗುತ್ತಾಳೆ, ಅವಳು ಗುಲಾಬಿಯ ಮನೆಗೆ ಬರುತ್ತಿದ್ದವಳು. ಊರಿನ ಬೆರಳು ಗುಲಾಬಿಯತ್ತ ತಿರುಗುತ್ತದೆ. ಎಷ್ಟೋ ಕೂಸುಗಳನ್ನು ಭೂಮಿಗೆ ಬರಮಾಡಿಕೊಂಡ ಕೈಯ ಹೆಂಗಸನ್ನು ಕೊನೆಗೆ ದೋಣಿ ಹತ್ತಿಸಿ ಊರಿನಿಂದ ಕಳುಹಿಸುತ್ತಾರೆ. ಕಿರುಚಾಟವಿಲ್ಲದೆ, ಖಳನಾಯಕನೊಬ್ಬನನ್ನು ನಿಲ್ಲಿಸದೆ, ಸಾಮಾನ್ಯ ಜನರೇ ಇಂಥ ಕೆಲಸಕ್ಕೆ ಹೇಗೆ ಬಂದು ಮುಟ್ಟುತ್ತಾರೆಂಬುದನ್ನು ಈ ಚಿತ್ರ ಹಂತಹಂತವಾಗಿ ಬಿಡಿಸಿಡುತ್ತದೆ. ಗುಲಾಬಿಯಾಗಿ ಉಮಾಶ್ರೀ ಅವರ ಅಭಿನಯ ಕಂಡವರಿಗೆ ರಾಷ್ಟ್ರಪ್ರಶಸ್ತಿಯ ಸುದ್ದಿ ಬೇರೆ ಬೇಕಾಗಿಲ್ಲ, ಅದೂ ದೊರೆಯಿತೆನ್ನಿ. 'ಚೋಮನ ದುಡಿ', 'ಘಟಶ್ರಾದ್ಧ', 'ಗುಲಾಬಿ ಟಾಕೀಸ್' ಈ ಮೂರಕ್ಕೂ ಕ್ಯಾಮೆರಾ ಹಿಡಿದವರು ಎಸ್. ರಾಮಚಂದ್ರ ಒಬ್ಬರೇ. ಚೋಮನನ್ನೂ ಯಮುನಕ್ಕನನ್ನೂ ಗುಲಾಬಿಯನ್ನೂ ನಾವು ನೋಡಿದ್ದು ಒಂದೇ ಜೊತೆ ಕಣ್ಣುಗಳಿಂದ.

ಈ ಚಿತ್ರವನ್ನು ಗಡಿನಾಡಿನ ಕನ್ನಡಿಗರು ನೋಡಬೇಕೆನ್ನಲು ಕಾರಣವಿದೆ. ಗುಲಾಬಿ ತನ್ನ ಕೇರಿಯಲ್ಲಿ ಒಬ್ಬಂಟಿ ಅಲ್ಪಸಂಖ್ಯಾತೆ. ನಾವೂ ನಮ್ಮ ರಾಜ್ಯಗಳಲ್ಲಿ ಅಲ್ಪಸಂಖ್ಯಾತರು, ಭಾಷೆಯ ದೃಷ್ಟಿಯಿಂದ. ಸಂವಿಧಾನದ 350ಎ ವಿಧಿ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಶಿಕ್ಷಣಕ್ಕೆ ಸೌಕರ್ಯ ಒದಗಿಸಬೇಕೆಂದು ರಾಜ್ಯಗಳಿಗೆ ಹೇಳುತ್ತದೆ. ಅದನ್ನು ಹಿಡಿದು ನಾವು ಕಚೇರಿಯಿಂದ ಕಚೇರಿಗೆ ಅಲೆಯುತ್ತೇವೆ. ಆದರೆ ನಮ್ಮ ಶಾಲೆಯ ಒಳಗೆ ಯಾರಿದ್ದಾರೆ? ಕಾಸರಗೋಡಿನ ಕನ್ನಡ ಮಾಧ್ಯಮದ ಬೆಂಚಿನಲ್ಲಿ ಮನೆಯಲ್ಲಿ ತುಳು ಆಡುವ ಮಗು, ಬ್ಯಾರಿ ಆಡುವ ಮಗು, ಕೊಂಕಣಿ, ಮರಾಟಿ, ಮಲಯಾಳಂ ಆಡುವ ಮಗು ಒಟ್ಟಿಗೆ ಕುಳಿತಿರುತ್ತವೆ. ಕೊರಗರ ಕಾಲನಿಯ ಮಗುವೂ ಇರುತ್ತದೆ, ಕೆಲವೊಮ್ಮೆ ಬೆಂಚಿನ ತೀರಾ ತುದಿಯಲ್ಲಿ. ಉಳ್ಳವರ ಮಕ್ಕಳು ಇಂಗ್ಲಿಷ್ ಶಾಲೆಯ ವ್ಯಾನು ಹತ್ತಿಯಾದ ಮೇಲೆ ನಮ್ಮ ಶಾಲೆಗಳನ್ನು ಜೀವಂತವಾಗಿ ಇಟ್ಟಿರುವವರು ಬಹುಮಟ್ಟಿಗೆ ಇವರೇ. ಆ ಮಗುವಿನ ಪಕ್ಕದಲ್ಲಿ ತನ್ನ ಮಗುವನ್ನು ಕೂರಿಸಬೇಡಿರೆಂದು ಹೇಳಲು ಬರುವ ಪಾಲಕರೂ ನಮ್ಮಲ್ಲಿದ್ದಾರೆ. ಕನ್ನಡಕ್ಕೆ ನ್ಯಾಯ ಕೇಳುವ ಮನವಿಪತ್ರಕ್ಕೆ ಅವರೂ ಸಹಿ ಹಾಕಿರುತ್ತಾರೆ.

ಇಷ್ಟು ನೋಡಿದ ಮೇಲೆ ನಮ್ಮದೇ ಚಿತ್ರಕ್ಕೆ, ರಾಮಣ್ಣ ರೈಯವರ ಕೊಡುಗೆಯ ಶಾಲೆಗೆ, ಮರಳಬಹುದು. ಹೆಸರಿನಲ್ಲೇ ಒಂದು ಪ್ರೀತಿಯ ಗಮನವಿದೆ. ಊರಿನ ಯಾರೋ ಒಬ್ಬರು ಕೊಟ್ಟ ಗೋಡೆ, ಬೆಂಚು, ಗಂಟೆ, ಅದರ ಮೇಲೆ ಬರೆದ ಹೆಸರು ಇವು ನಮ್ಮ ಶಾಲೆಗಳ ಮುಖಲಕ್ಷಣ. ಅದನ್ನೇ ಶೀರ್ಷಿಕೆಯಾಗಿಸಬೇಕಾದರೆ ಶಾಲೆಯ ಅಂಗಳದಲ್ಲಿ ನಿಂತು ನೋಡಿರಬೇಕು. ಮಮ್ಮುಟ್ಟಿಯೆಂಬ ಹುಡುಗನೂ ಪ್ರವೀಣನೂ ಒಂದೇ ತಂಡದಲ್ಲಿ ಓಡಾಡುವುದನ್ನೂ ಅದು ಸರಿಯಾಗಿ ಕಂಡಿತು. ಚಿತ್ರೀಕರಣ ನಡೆದದ್ದು ದಕ್ಷಿಣ ಕನ್ನಡದ ಕೈರಂಗಳದ ಸರಕಾರಿ ಶಾಲೆಯಲ್ಲಿ. ಬಳಿಕ ಆ ಶಾಲೆಯನ್ನು ನಿರ್ದೇಶಕರು ದತ್ತು ತೆಗೆದುಕೊಂಡರು. ಚಿತ್ರ ಮುಗಿದ ಮೇಲೂ ನಂಟು ಉಳಿಸಿಕೊಳ್ಳುವುದು ಎಲ್ಲರಿಂದ ಆಗುವ ಮಾತಲ್ಲ.

ನಮ್ಮ ತಕರಾರು ಬೇರೆಡೆ ಇದೆ. ಚಿತ್ರದಲ್ಲಿ ಮಕ್ಕಳನ್ನು ಕಾಪಾಡಲು ಮೈಸೂರಿನಿಂದ ಒಬ್ಬ ಹಿರಿಯರನ್ನು ಕರೆತರಬೇಕಾಗುತ್ತದೆ. ಅನಂತನಾಗ್ ಆ ಪಾತ್ರದಲ್ಲಿ ನಕ್ಕು ನಗಿಸಿ ನ್ಯಾಯಾಲಯದಲ್ಲಿ ಗೆಲ್ಲಿಸುತ್ತಾರೆ, ಚಪ್ಪಾಳೆ ತಾನಾಗಿ ಬರುತ್ತದೆ. ಕಾಸರಗೋಡಿನ ವಾಸ್ತವದಲ್ಲಿ ಹೋರಾಡಿದವರು ಊರಿನವರೇ. ಕಯ್ಯಾರ ಕಿಞ್ಞಣ್ಣ ರೈಯವರಂಥ ಶಿಕ್ಷಕ ಕವಿಗಳು, ರಕ್ಷಕ-ಶಿಕ್ಷಕ ಸಂಘದ ತಾಯಂದಿರು, ಮಲಯಾಳಂ ಕಡ್ಡಾಯದ ವಿರುದ್ಧ 2017ರಲ್ಲಿ ಬೀದಿಗಿಳಿದ ಜನ. ರಕ್ಷಕನೊಬ್ಬ ಹೊರಗಿನಿಂದ ಬಂದೇ ಬರುತ್ತಾನೆಂಬ ಕಥೆ ಸಿಹಿಯಾದದ್ದು, ಆದರೆ ಅದನ್ನು ನಂಬಿ ಕಾಯುತ್ತ ಕುಳಿತರೆ ಶಾಲೆಯ ಬಾಗಿಲು ಅಷ್ಟರಲ್ಲಿ ಮುಚ್ಚಿರುತ್ತದೆ. ಇನ್ನೊಂದು, ಮಲಯಾಳಿ ಅಧಿಕಾರಿಯನ್ನು ನಗೆಪಾಟಲಿನ ಎದುರಾಳಿಯಾಗಿಸಿದ್ದು. ಆಡಳಿತದ ನಿರ್ಲಕ್ಷ್ಯವನ್ನು ಭಾಷೆಯೊಂದರ ಜನರ ದುರ್ಬುದ್ಧಿಯೆಂಬಂತೆ ಮಕ್ಕಳು ಅರ್ಥಮಾಡಿಕೊಳ್ಳುವ ಅಪಾಯ ಅಲ್ಲಿದೆ.

ಆ ಅಪಾಯಕ್ಕೆ ಮದ್ದೂ ಒಂದು ಚಲನಚಿತ್ರವೇ. ಕಾಸರಗೋಡಿನ ಗೇರು ತೋಟಗಳ ಮೇಲೆ ಎಪ್ಪತ್ತರ ದಶಕದ ಕೊನೆಯಿಂದ 2000ದವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿದರಲ್ಲ, ಅದರ ಏಟು ತಿಂದ ಪಡ್ರೆ, ಎಣ್ಮಕಜೆಯ ಕಡೆಯ ಮನೆಗಳಲ್ಲಿ ಅನೇಕವು ಕನ್ನಡ, ತುಳು ಮಾತಿನವು. ವಾಣಿನಗರದ ವೈದ್ಯ ಡಾ. ವೈ. ಎಸ್. ಮೋಹನ ಕುಮಾರ್, ಪತ್ರಕರ್ತ ಶ್ರೀಪಡ್ರೆ ಮೊದಲಾದವರು ಅದನ್ನು ಜಗತ್ತಿಗೆ ಕೂಗಿ ಹೇಳಿದರು. ಆ ಕಥೆಯನ್ನು 2015ರಲ್ಲಿ 'ವಲಿಯ ಚಿರಗುಳ್ಳ ಪಕ್ಷಿಗಳ್' ಎಂಬ ಮಲಯಾಳಂ ಚಿತ್ರವಾಗಿಸಿದವರು ಡಾ. ಬಿಜು, ಮೂಲತಃ ಹೋಮಿಯೋಪತಿ ವೈದ್ಯರು. ಅದರ ನಾಯಕ ಒಬ್ಬ ಛಾಯಾಗ್ರಾಹಕ. ನರಳುವ ಮಗುವಿನ ಚಿತ್ರ ತೆಗೆದವನ ಹೊಣೆ ಅಲ್ಲಿಗೆ ಮುಗಿಯುತ್ತದೆಯೇ ಎಂಬ ಪ್ರಶ್ನೆ ಆ ಚಿತ್ರದ ಉದ್ದಕ್ಕೂ ಇದೆ. ಪರಿಸರ ಸಂರಕ್ಷಣೆಯ ವಿಭಾಗದಲ್ಲಿ ಅದಕ್ಕೆ ರಾಷ್ಟ್ರಪ್ರಶಸ್ತಿ ಬಂತು. ನಮ್ಮ ನೋವಿಗೆ ಒತ್ತಾಸೆಯಾದ ಆ ಕ್ಯಾಮೆರಾ ಮಲಯಾಳಂ ಮಾತನಾಡುತ್ತಿತ್ತೆಂಬುದನ್ನು ಮಕ್ಕಳಿಗೆ ಹೇಳಲೇಬೇಕು.

ಒತ್ತಾಸೆಗೆ ಬಂದವರು ಎಡವುವುದೂ ಉಂಟು. ಕಾಸರಗೋಡಿನ ಚಂದ್ರಗಿರಿ ತೀರದಲ್ಲಿ ಹುಟ್ಟಿ, ಮುಸ್ಲಿಂ ಹುಡುಗಿಯರು ಶಾಲೆಗೆ ಹೋಗುವುದೇ ಅಪರೂಪವಾಗಿದ್ದ ಕಾಲದಲ್ಲಿ ಕನ್ನಡ ಓದಿ, 'ಚಂದ್ರಗಿರಿಯ ತೀರದಲ್ಲಿ' ಬರೆದ ಸಾರಾ ಅಬೂಬಕ್ಕರ್ ಅವರನ್ನು ನೆನೆಯಿರಿ. 2011ರ 'ಬ್ಯಾರಿ' ಚಿತ್ರ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯನ್ನು ಹಂಚಿಕೊಂಡಿತು. ತಮ್ಮ ಕಾದಂಬರಿಯನ್ನು ಅನುಮತಿಯಿಲ್ಲದೆ ಬಳಸಲಾಗಿದೆಯೆಂದು ಸಾರಾ ಅವರು ನ್ಯಾಯಾಲಯದ ಮೆಟ್ಟಿಲೇರಬೇಕಾಯಿತು. ದನಿಯಿಲ್ಲದ ಹೆಣ್ಣಿನ ಕಥೆ ಹೇಳುವಾಗ ಆ ಕಥೆಗೆ ದನಿ ಕೊಟ್ಟ ಹೆಣ್ಣನ್ನು ಕೇಳಬೇಕೆಂಬುದು ಕಾನೂನಿಗೂ ಮೊದಲಿನ ಮರ್ಯಾದೆ.

ಕೊನೆಗೆ ಸೊಲ್ಲಾಪುರದ ಕಡೆಗೆ. ಒತ್ತಾಸೆಗೆ ಯಾರನ್ನೂ ಕಾಯದೆ ತಾನೇ ಕ್ಯಾಮೆರಾ ಹಿಡಿದವರು ಕರಮಾಳೆ ತಾಲೂಕಿನ ಜೇಊರಿನ ನಾಗರಾಜ ಮಂಜುಳೆ. ಅವರ 2013ರ ಮರಾಠಿ ಚಿತ್ರ 'ಫ್ಯಾಂಡ್ರಿ'ಯ ನಾಯಕ ಜಬ್ಯಾ ಕೈಕಾಡಿ ಕುಟುಂಬದ ಶಾಲಾ ಹುಡುಗ. ಊರಿನ ಹಂದಿ ಹಿಡಿಯುವುದು ಅವನ ಮನೆಯವರ ಮೇಲೆ ಬಿದ್ದ ಕೆಲಸ. ಫ್ಯಾಂಡ್ರಿ ಎಂದರೆ ಕೈಕಾಡಿ ಭಾಷೆಯಲ್ಲಿ ಹಂದಿ. ತಮಿಳಿನ ಪನ್ರಿ, ತುಳುವಿನ ಪಂಜಿ, ಹಳಗನ್ನಡದ ಪಂದಿ, ನಮ್ಮ ಹಂದಿ, ಎಲ್ಲ ಒಂದೇ ಬಳ್ಳಿಯ ಕಾಯಿಗಳು. ಮರಾಠಿ ನಾಡಿನ ನಡುವೆ ತಿರಸ್ಕಾರಕ್ಕೊಳಗಾದ ಆ ಜನರ ಮಾತು ನಮ್ಮ ಮಾತಿನ ದಾಯಾದಿಯೆಂದು ತಿಳಿದಾಗ ಅಕ್ಕಲಕೋಟೆಯ ಮಗುವಿನ ಮುಖದಲ್ಲಿ ಮೂಡುವ ಬೆರಗು ನೋಡಬೇಕು. ಹಂದಿ ಅಟ್ಟುವಾಗ ಶಾಲೆಯಿಂದ ರಾಷ್ಟ್ರಗೀತೆ ಕೇಳಿಬಂದು, ಇಡೀ ಕುಟುಂಬ ಅಲುಗದೆ ನಿಂತು, ಹಂದಿ ತಪ್ಪಿಸಿಕೊಳ್ಳುವ ದೃಶ್ಯವಿದೆ. ಕೊಂದ ಹಂದಿಯನ್ನು ಹೊತ್ತು ಅವರು ಸಾಗುವಾಗ ಹಿಂದೆ ಶಾಲೆಯ ಗೋಡೆಯ ಮೇಲೆ ಅಂಬೇಡ್ಕರ್, ಫುಲೆ ದಂಪತಿಗಳ ಚಿತ್ರಗಳಿವೆ. ಕಡೆಯಲ್ಲಿ ಜಬ್ಯಾ ಎಸೆಯುವ ಕಲ್ಲು ನೇರವಾಗಿ ಪ್ರೇಕ್ಷಕನತ್ತ ಬರುತ್ತದೆ. ಕಾರಂತರು ದಂಡೆಯಿಂದ ನೋಡಿದ್ದನ್ನು ಮಂಜುಳೆ ನೀರಿನೊಳಗಿನಿಂದ ನೋಡಿದರು. ಒತ್ತಾಸೆಯ ಚಿತ್ರದಲ್ಲಿ ಪ್ರೇಕ್ಷಕನಿಗೆ ಕಣ್ಣೀರು ಹಾಕಿ ಮನೆಗೆ ಹೋಗುವ ಅವಕಾಶವುಂಟು, ಇಲ್ಲಿ ಅದಿಲ್ಲ. ಎರಡೂ ಬೇಕು, ಆದರೆ ಎರಡನ್ನೂ ಒಂದೇ ಎಂದು ಎಣಿಸಬಾರದು.

ಶಾಲೆಯಲ್ಲಿ ತೋರಿಸುವವರಿಗೆ ಒಂದೆರಡು ಸೂಚನೆ. ರಾಮಣ್ಣ ರೈಯವರ ಶಾಲೆಯ ಚಿತ್ರಕ್ಕೆ ಐದನೆಯ ತರಗತಿಯಿಂದ ಮೇಲಿನವರು ಸಾಕು. 'ಫ್ಯಾಂಡ್ರಿ'ಯನ್ನು ಎಂಟರ ಮೇಲಿನವರಿಗೆ ತೋರಿಸಿ; ಜತ್ತ, ಅಕ್ಕಲಕೋಟೆಯ ಮಕ್ಕಳಿಗೆ ಮರಾಠಿ ಬರುವುದರಿಂದ ಅಡಿಬರಹದ ಚಿಂತೆಯಿಲ್ಲ. 'ಚೋಮನ ದುಡಿ' ಕಪ್ಪು ಬಿಳುಪಿನದು, ನಿಧಾನವಾದದ್ದು. ಮೊದಲು ಕಾದಂಬರಿಯ ಕೆಲವು ಪುಟಗಳನ್ನು ಗಟ್ಟಿಯಾಗಿ ಓದಿಸಿ, ಆಮೇಲೆ ಚಿತ್ರ ಹಾಕಿದರೆ ಮಕ್ಕಳು ಕದಲದೆ ನೋಡುತ್ತಾರೆ. 'ಘಟಶ್ರಾದ್ಧ'ವನ್ನು ಪ್ರೌಢಶಾಲೆಯ ದೊಡ್ಡ ಮಕ್ಕಳಿಗಷ್ಟೇ, ಅದೂ ತಾಯಂದಿರನ್ನು ಜೊತೆಗೆ ಕರೆದು ತೋರಿಸುವುದು ಲೇಸು. 'ಗುಲಾಬಿ ಟಾಕೀಸ್' ತೋರಿಸುವ ದಿನ ಮಾತ್ರ ಮಕ್ಕಳಿಗಿಂತ ಮೊದಲು ರಕ್ಷಕ-ಶಿಕ್ಷಕ ಸಂಘದವರನ್ನು ಕರೆಯಿರಿ. ಕುರ್ಚಿಗಳನ್ನು ಸಾ­ಲಾಗಿ ಇಡದೆ ಚಾಪೆ ಹಾಸಿದರೆ ಇನ್ನೂ ಒಳ್ಳೆಯದು. ಯಾರ ಪಕ್ಕ ಯಾರು ಕೂರುತ್ತಾರೆಂಬುದು ಆಗ ತಾನಾಗಿ ಕಾಣುತ್ತದೆ.